ಮಾವಿನಹಣ್ಣಿನ ಮೇಲೆ ಹೊರಿಸಿದ ತಪ್ಪು

ಮುಂಬೈನ ಹರೀಶ್ ಅಯ್ಯರ್ ಏಳನೇ ವಯಸ್ಸಿನಿಂದ ಹದಿನೆಂಟರವರೆಗೆ ಬಂಧುವೊಬ್ಬನಿಂದಲೇ ಲೈಂಗಿಕ ದೌರ್ಜನ್ಯ ಅನುಭವಿಸಿದವರು. ರಕ್ತ ಬರುತ್ತಿದೆ ಎಂದು ಚಿಕ್ಕಂದಿನಲ್ಲಿ ತಾಯಿಗೆ ಹೇಳಿದರೆ, ಮಾವಿನಹಣ್ಣು ಅಷ್ಟೊಂದು ತಿಂದರೆ ಇನ್ನೇನಾಗುತ್ತದೆ ಎಂದರಂತೆ. ನಮ್ಮ ಹಾಸನದ ಕಡೆಯಾಗಿದ್ದರೆ ಉಷ್ಣವಾಗಿದೆ ಎಂದು ಎಳನೀರು ಕುಡಿಸುತ್ತಿದ್ದೆವು. ಆ ತಾಯಿ ಕೆಟ್ಟವಳಲ್ಲ. ಮನೆಯೊಳಗೇ, ಅದೂ ಗಂಡುಮಗುವಿಗೆ, ಹೀಗಾಗಬಹುದೆಂದು ಅವಳಿಗೆ ಯಾರೂ ಹೇಳಿರಲಿಲ್ಲ.

ಹರೀಶ್ ಇದನ್ನೆಲ್ಲ ದೇಶದ ಮುಂದೆ ತೆರೆದಿಟ್ಟದ್ದು ಆಮಿರ್ ಖಾನ್ ನಡೆಸಿಕೊಟ್ಟ ‘ಸತ್ಯಮೇವ ಜಯತೆ’ ಸರಣಿಯ ಎರಡನೇ ಕಂತಿನಲ್ಲಿ. 2012ರ ಮೇ 13, ಭಾನುವಾರ ಬೆಳಿಗ್ಗೆ 11ಕ್ಕೆ ಸ್ಟಾರ್ ಪ್ಲಸ್, ದೂರದರ್ಶನ ಎರಡರಲ್ಲೂ ಅದು ಬಂತು. ಕೇಂದ್ರ ಸರ್ಕಾರದ 2007ರ ಅಧ್ಯಯನವೂ ಆಗ ಮನೆಮನೆಯ ಮಾತಾಯಿತು. 13 ರಾಜ್ಯಗಳ 12,447 ಮಕ್ಕಳನ್ನು ಕೇಳಿದಾಗ ಶೇ. 53ರಷ್ಟು ಮಕ್ಕಳು ಒಂದಲ್ಲ ಒಂದು ಬಗೆಯ ಲೈಂಗಿಕ ದೌರ್ಜನ್ಯ ಆಗಿದೆ ಎಂದಿದ್ದರು.

ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ ಪೋಕ್ಸೊ ಕಾಯ್ದೆ ಆ ಕಂತಿನಿಂದಲೇ ಬಂತು ಎನ್ನುವವರಿದ್ದಾರೆ. ಅದು ಉತ್ಪ್ರೇಕ್ಷೆ. ಮಸೂದೆಗೆ ರಾಜ್ಯಸಭೆ ಮೇ 10ರಂದೇ ಒಪ್ಪಿಗೆ ಕೊಟ್ಟಿತ್ತು. 22ರಂದು ಲೋಕಸಭೆ, ನವೆಂಬರ್ 14ರಿಂದ ಜಾರಿ. ಅಲ್ಲಿಯವರೆಗೆ ಅತ್ಯಾಚಾರದ ಕಾನೂನಿನಲ್ಲಿ ಗಂಡುಮಕ್ಕಳಿಗೆ ಜಾಗವೇ ಇರಲಿಲ್ಲ. ಈಗ ಹುಡುಗ ಹುಡುಗಿ ಎಂಬ ಭೇದವಿಲ್ಲ. ಹೇಳಿಕೆ ಪಡೆಯುವ ಪೊಲೀಸರು ಸಮವಸ್ತ್ರದಲ್ಲಿ ಬರುವಂತಿಲ್ಲ, ಮಗುವನ್ನು ರಾತ್ರಿ ಠಾಣೆಯಲ್ಲಿ ಇರಿಸಿಕೊಳ್ಳುವಂತಿಲ್ಲ.

ನನ್ನ ತಕರಾರು ಬೇರೆ. ತಮಿಳು, ತೆಲುಗು, ಮಲಯಾಳಂ ವಾಹಿನಿಗಳಲ್ಲಿ ಆಯಾ ಭಾಷೆಯಲ್ಲೇ ಬಂದ ಸರಣಿ ಕನ್ನಡ ಟೀವಿಗೆ ಬರಲಿಲ್ಲ. ಡಬ್ಬಿಂಗ್ ಬೇಡ ಎಂದು ನಮ್ಮ ಚಿತ್ರರಂಗ ಹಟ ಹಿಡಿದಿತ್ತು. ಕಲಾವಿದರ ಅನ್ನದ ಪ್ರಶ್ನೆ ನನಗೂ ಅರ್ಥವಾಗುತ್ತದೆ. ಆದರೆ ಇದೇನು ಸಿನಿಮಾವೇ? ಡಬ್ಬಿಂಗ್ ತಡೆಯುವುದು ಸ್ಪರ್ಧಾ ಕಾನೂನಿಗೆ ವಿರುದ್ಧ ಎಂದು ಭಾರತೀಯ ಸ್ಪರ್ಧಾ ಆಯೋಗ ತೀರ್ಪಿತ್ತದ್ದು 2015ರಲ್ಲಿ.

ನಾನು ಶಾಲಾ ಶಿಕ್ಷಕಿ. ತಾಯಂದಿರ ಸಭೆಯಲ್ಲಿ ಆ ಕಂತನ್ನು ಲ್ಯಾಪ್‌ಟಾಪ್‌ನಲ್ಲಿ ಹಾಕಿ, ನಿಲ್ಲಿಸಿ ನಿಲ್ಲಿಸಿ ನಾನೇ ಕನ್ನಡದಲ್ಲಿ ಹೇಳಿದೆ. ಹರೀಶ್ ಮಾತು ಮುಗಿದಾಗ ಹಿಂದಿನ ಸಾಲಿನಿಂದ ಒಬ್ಬಾಕೆ, “ಮಿಸ್ಸೇ, ಗಂಡುಡುಗ್ರಿಗೂ ಹಿಂಗೆಲ್ಲಾ ಮಾಡ್ತಾರಾ?” ಎಂದಳು. ಪಕ್ಕದವಳು ಅವಳ ಕೈ ಚಿವುಟಿದಳು. ಆಮೇಲೆ ಪ್ರಶ್ನೆಗಳು ಒಂದರ ಹಿಂದೊಂದು ಬಂದವು, ಚಹಾ ಆರಿತು.

ಕಂತಿನ ಕೊನೆಯಲ್ಲಿ ಆಮಿರ್ ಮಕ್ಕಳನ್ನು ಕೂರಿಸಿಕೊಂಡು ನಡೆಸುವ ಪಾಠವೇ ನನ್ನ ಮಟ್ಟಿಗೆ ಇಡೀ ಸರಣಿಯ ತಿರುಳು. ಎದೆ, ಕಾಲುಗಳ ನಡುವೆ, ಕುಂಡಿ: ಈ ಮೂರು ಕಡೆ ಯಾರಾದರೂ ಮುಟ್ಟಿದರೆ ಕಿರುಚು, ಓಡು, ನಂಬಿಕೆಯವರಿಗೆ ಹೇಳು. ಎಷ್ಟು ಸಲೀಸು! ಆದರೆ ಕೇಳುವ ಅಮ್ಮ ಮಾವಿನಹಣ್ಣನ್ನು ದೂರಿದರೆ ಮಗು ಇನ್ನಾರಿಗೆ ಹೇಳಬೇಕು?

ಮಗು ಹೇಳಿದರೆ ಮೊದಲು ನಂಬಿ. ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಿ, ದುಡ್ಡು ಬೇಕಿಲ್ಲ. ಗೊತ್ತಿದ್ದೂ ದೂರು ಕೊಡದೆ ಮುಚ್ಚಿಟ್ಟರೆ ಪೋಕ್ಸೊ ಪ್ರಕಾರ ಅದೂ ಅಪರಾಧ.