ಬ್ಯಾರನ್ನಿನ ಒಲೆ, ಗುಡುಗುಡಿಯ ಹಾಡು

ಶ್ರಾವಣದ ಸಂಜೆ ಬೆಟ್ಟದಪುರದ ಬೆಟ್ಟಕ್ಕೆ ತಲೆಯೇ ಇರುವುದಿಲ್ಲ. ಮೂರು ಸಾವಿರಕ್ಕೂ ಮಿಕ್ಕ ಮೆಟ್ಟಿಲುಗಳು ಅರ್ಧ ದಾರಿಯಲ್ಲೇ ಮೋಡದೊಳಕ್ಕೆ ಸೇರಿಬಿಡುತ್ತವೆ. ಮೇಲಿರುವವನು ಸಿಡಿಲು ಮಲ್ಲಿಕಾರ್ಜುನ. ಆಕಾಶದ ಸಿಡಿಲೇ ಇಳಿದು ಬಂದು ಲಿಂಗವನ್ನು ಮುಟ್ಟಿ ಹೋಗುತ್ತದೆ ಎಂದು ಈ ಸೀಮೆಯವರು ನಂಬಿಕೊಂಡು ಬಂದಿದ್ದಾರೆ. ಕೆಳಗೆ, ಪಿರಿಯಾಪಟ್ಟಣದ ಕಡೆಗೂ ಹುಣಸೂರಿನ ಕಡೆಗೂ ಹೊಗೆಸೊಪ್ಪಿನ ಹೊಲಗಳು. ಮಳೆಯಲ್ಲಿ ತೊಯ್ದ ಅಗಲ ಎಲೆಗಳ ನಡುವೆ ಅಲ್ಲಲ್ಲಿ ಎತ್ತರದ ಗೋಡೆಯ ಬ್ಯಾರನ್ನುಗಳು ನಿಂತಿವೆ. ಕತ್ತಲಾಗುತ್ತಿದ್ದಂತೆ ಒಂದೊಂದರ ಬುಡದಲ್ಲೂ ಒಂದು ಕೆಂಪು ಕಣ್ಣು ತೆರೆಯುತ್ತದೆ.

ಬ್ಯಾರನ್ನಿನ ಒಳಗೆ ಕಡ್ಡಿಗೆ ಕಟ್ಟಿದ ಹಸಿ ಎಲೆ ನೆಲದಿಂದ ಸೂರಿನತನಕ ತೂಗುತ್ತಿರುತ್ತದೆ. ಹೊರಗಿನ ಒಲೆಗೆ ಸೌದೆ ಒಟ್ಟಿದರೆ ಕಾವು ತಗಡಿನ ಕೊಳವೆಗಳಲ್ಲಿ ಒಳಗೆಲ್ಲ ಸುತ್ತುತ್ತದೆ. ಹೊಗೆ ಮಾತ್ರ ಎಲೆಗೆ ಸೋಕುವಂತಿಲ್ಲ. ಮೊದಲು ಎಲೆ ಹಳದಿಗೆ ತಿರುಗಬೇಕು, ಆಮೇಲೆ ಒಣಗಬೇಕು, ಕಡೆಗೆ ನಡುದಂಟಿನ ಪಸೆಯೂ ಆರಬೇಕು. ಇದಕ್ಕೆ ಐದಾರು ದಿನ ಬೇಕು. ನಡುವೆ ಕಾವು ಏರುಪೇರಾದರೆ ಎಲೆ ಕಪ್ಪಾಗುತ್ತದೆ, ಹರಾಜುಕಟ್ಟೆಯಲ್ಲಿ ದರ ಬಿದ್ದುಹೋಗುತ್ತದೆ. ಅದಕ್ಕೇ ರಾತ್ರಿಯೆಲ್ಲ ಒಬ್ಬರಾದರೂ ಒಲೆಯ ಮುಂದೆ ಎಚ್ಚರವಾಗಿರಬೇಕು. ಹೊದೆಯಲು ಕಂಬಳಿ, ನಿದ್ದೆ ಓಡಿಸಲು ಮೊಬೈಲಿನ ಹಾಡು.

ಅಂಥ ಒಲೆಯ ಮುಂದೆ ಕೂತು ರಘು ದೀಕ್ಷಿತ್ ಅವರ 'ಗುಡುಗುಡಿಯಾ ಸೇದಿ ನೋಡೋ' ಕೇಳಬೇಕು. ಮೈಸೂರಿನಲ್ಲಿ ಬೆಳೆದ ಈ ಗಾಯಕನ ಚೊಚ್ಚಲ ಆಲ್ಬಂ ಬಂದದ್ದು 2008ರಲ್ಲಿ. ಅದನ್ನು ಹೊರತಂದವರು ಮುಂಬೈಯ ವಿಶಾಲ್-ಶೇಖರ್ ಜೋಡಿ. ಹಿಂದಿ, ಇಂಗ್ಲಿಷ್ ಹಾಡುಗಳ ನಡುವೆ ಶಿಶುನಾಳ ಶರೀಫರ ಎರಡು ತತ್ವಪದಗಳಿವೆ: ಗುಡುಗುಡಿಯದು ಒಂದು, 'ಸೋರುತಿಹುದು ಮನೆಯ ಮಾಳಿಗಿ' ಇನ್ನೊಂದು. ಆಲ್ಬಮ್ಮಿನ ಜೀವ ಇರುವುದು ಈ ಎರಡರಲ್ಲೇ ಎಂದು ನನ್ನ ಎಣಿಕೆ. ಮೈಸೂರಿನಿಂದ ಬಂದ ಹುಡುಗಿಯ ಕುರಿತಾದ ಹಿಂದಿ ಹಾಡು ಇಂಪಾಗಿದೆ, ಕಿವಿಯಲ್ಲಿ ಉಳಿಯುತ್ತದೆ. ಆದರೆ ಶರೀಫಜ್ಜನ ಪದಕ್ಕೆ ಬಂದಾಗ ಆ ಗಂಟಲು ಬೇರೆಯೇ ಆಗುತ್ತದೆ.

ಗಿಟಾರಿನ ತಂತಿ ಬಿರುಸಾಗಿ ಮಿಡಿಯುತ್ತದೆ, ಡ್ರಮ್ಮಿನ ಪೆಟ್ಟು ಕಾಲು ಕುಣಿಸುತ್ತದೆ. ಹೀಗಿದ್ದೂ ಒಂದು ಅಕ್ಷರ ಕೂಡ ಮುಳುಗುವುದಿಲ್ಲ. ಗುಡುಗುಡಿ ಸೇದಿ ಒಡಲಿನ ರೋಗ ಕಳೆದುಕೋ ಎನ್ನುವ ಆ ಸಂತನಿಗೆ ಚಟದ ಮಾತು ಬೇಕಿರಲಿಲ್ಲ. ಕಟ್ಟೆಯ ಮೇಲೆ ಕೂತವರ ಕೈಯಲ್ಲಿದ್ದ ವಸ್ತುವನ್ನೇ ಎತ್ತಿಕೊಂಡು ಅವರಿಗೆ ಸಾಧನೆಯ ದಾರಿ ತೋರಿದ. ಶರೀಫರು 1819ರಲ್ಲಿ ಹುಟ್ಟಿ 1889ರಲ್ಲಿ ತೀರಿಕೊಂಡವರು, ಗೋವಿಂದ ಭಟ್ಟರ ಶಿಷ್ಯರು, ಇಂದಿನ ಹಾವೇರಿ ಜಿಲ್ಲೆಯ ಶಿಶುನಾಳದವರು. ಆ ಬಯಲುಸೀಮೆಯ ಗುಡುಗುಡಿ ಇಲ್ಲಿ, ಹೊಗೆಸೊಪ್ಪು ಬೇಯುವ ಊರಿನಲ್ಲಿ, ಬೆವರಿನ ವಾಸನೆಯೊಡನೆ ಕೇಳಿಸುತ್ತದೆ. ಎಲೆಯನ್ನು ಬೆಳೆದು, ಬೇಯಿಸಿ, ಮಾರಿ ಸಾಲ ತೀರಿಸುವವರ ನಡುವೆ ಆ ಪದದ ತೂಕವೇ ಬೇರೆ. ಮಾಳಿಗೆ ಸೋರುವ ಹಾಡಿಗಂತೂ ಹೆಂಚಿನ ಮೇಲೆ ಬೀಳುವ ಇಲ್ಲಿನ ಜಡಿಮಳೆಯೇ ಪಕ್ಕವಾದ್ಯ.

ಇದೇ ಪದಗಳನ್ನು ಸಿ. ಅಶ್ವಥ್ ಮೊದಲೇ ಮನೆಮನೆಗೆ ಮುಟ್ಟಿಸಿದ್ದರು. 1990ರ 'ಸಂತ ಶಿಶುನಾಳ ಶರೀಫ' ಚಿತ್ರದ ಸಂಗೀತವೂ ಅವರದೇ. ಅಷ್ಟು ದೊಡ್ಡ ದನಿಯ ನೆರಳಿನಿಂದ ಈಚೆ ಬಂದು ಹಾಡುವುದು ಸುಲಭದ ಕೆಲಸವಲ್ಲ. ರಘು ಅವರು ಅಶ್ವಥ್ ಅವರ ಏರುದನಿಯನ್ನು ಅನುಕರಿಸದೆ ಪದವನ್ನು ಕುಣಿತದ ಕಡೆಗೆ ತಿರುಗಿಸಿದರು. ಭರತನಾಟ್ಯ ಕಲಿತ ಮನುಷ್ಯ. ವೇದಿಕೆಯ ಮೇಲೆ ಲುಂಗಿ ಉಟ್ಟು, ಕಾಲಿಗೆ ಗೆಜ್ಜೆ ಕಟ್ಟಿಯೇ ನಿಲ್ಲುತ್ತಾರೆ. 2010ರಲ್ಲಿ ಬಿಬಿಸಿಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮದಲ್ಲಿ ಅವರು ಹಾಡಿದ ಮೇಲೆ ಬ್ರಿಟನ್ನಿನ ಕೇಳುಗರೂ ಈ ಆಲ್ಬಮ್ಮನ್ನು ಹುಡುಕಿಕೊಂಡು ಬಂದರು.

ಹೊಸ ವಾದ್ಯಗಳ ನಡುವೆ ತಮ್ಮ ನುಡಿಗೆ ಜಾಗ ಮಾಡಿಕೊಡುವ ಇಂಥದ್ದೇ ಒಂದು ಹುಡುಕಾಟ ದೂರದ ಜಪಾನಿನಲ್ಲೂ ನಡೆದಿತ್ತು. 1970ರ ಆಸುಪಾಸಿನಲ್ಲಿ, ರಾಕ್ ಸಂಗೀತವನ್ನು ಜಪಾನಿ ನುಡಿಯಲ್ಲಿ ಹಾಡಲಾದೀತೇ ಎಂದು ಅಲ್ಲಿನ ಸಂಗೀತಗಾರರು ವಾದ ಮಾಡುತ್ತಿದ್ದರು. 'ಹ್ಯಾಪಿ ಎಂಡ್' ತಂಡ ಹಾಡಿಯೇ ಉತ್ತರ ಕೊಟ್ಟಿತು. ಆ ತಂಡದ ಹರುಒಮಿ ಹೊಸೊನೊ 1973ರಲ್ಲಿ ಸಯಾಮಾ ಊರಿನ ತಮ್ಮ ಬಾಡಿಗೆ ಮನೆಯನ್ನೇ ಸ್ಟುಡಿಯೋ ಮಾಡಿಕೊಂಡು 'ಹೊಸೊನೊ ಹೌಸ್' ಎಂಬ ಜನಪದ ಛಾಯೆಯ ರಾಕ್ ಆಲ್ಬಂ ಮುದ್ರಿಸಿದರು. ತಾನಿರುವ ಮನೆಯ ಗಾಳಿಯೂ ಹಾಡಿನೊಳಗೆ ಬರಲಿ ಎಂಬ ಆ ಧೈರ್ಯ ನನಗೆ ಬಹಳ ಇಷ್ಟ.

ಈ ಸೀಮೆಯ ಗಾಳಿಯಲ್ಲಿ ಹಾಡಿಗೇನೂ ಬರವಿಲ್ಲ. ಕಾವೇರಿಯಾಚೆ ರುದ್ರಪಟ್ಟಣ ಕರ್ನಾಟಕ ಸಂಗೀತದ ತವರು. ಇತ್ತ ಕೆ.ಆರ್. ನಗರದ ಕಡೆಗೆ, ಹೊಳೆದಂಡೆಯ ಕಪ್ಪಡಿಯಲ್ಲಿ ಮಂಟೇಸ್ವಾಮಿ ಪರಂಪರೆಯ ರಾಚಪ್ಪಾಜಿ, ಚೆನ್ನಾಜಮ್ಮರ ಗದ್ದುಗೆಗಳಿವೆ. ಶಿವರಾತ್ರಿಯ ಹೊತ್ತಿಗೆ ಜಾತ್ರೆ ಕೂಡಿದರೆ ಆ ಪರಂಪರೆಯ ಹಾಡುಗಾರರಾದ ನೀಲಗಾರರು ತಂಬೂರಿ ಹೆಗಲಿಗೇರಿಸಿ, ಗಗ್ಗರ ಅಲುಗಿಸಿ, ದಮ್ಮಡಿ ಬಡಿದು ಮಂಟೇಸ್ವಾಮಿಯ ಕಥೆಯನ್ನು ಬೆಳಗಿನ ತನಕ ಹಾಡುತ್ತಾರೆ. ಮುಖ್ಯ ಹಾಡುಗಾರನ ಸೊಲ್ಲನ್ನು ಹಿಮ್ಮೇಳದವರು ಎತ್ತಿಕೊಳ್ಳುತ್ತಾರೆ, ನಡುವೆ ಮಾತು ಬರುತ್ತದೆ, ಮತ್ತೆ ತಾಳ ಏರುತ್ತದೆ. ಡ್ರಮ್ಮು, ಬೇಸ್ ಗಿಟಾರು ಮಾಡುವ ಕೆಲಸವೆಲ್ಲ ಅಲ್ಲಿ ಆಗಲೇ ನಡೆದಿರುತ್ತದೆ.

ಮೈಸೂರು, ಬೆಂಗಳೂರುಗಳಲ್ಲಿ ಗಿಟಾರು ಹಿಡಿದಿರುವ ಮಕ್ಕಳಿಗೆ ನನ್ನದೊಂದು ಕೋರಿಕೆ. ಶರೀಫಜ್ಜನ ಪದ ಸ್ಟುಡಿಯೋದೊಳಗೆ ಸೊರಗದೆ ನಿಲ್ಲಬಲ್ಲದು ಎಂದು 2008ರ ಆ ಆಲ್ಬಂ ತೋರಿಸಿಕೊಟ್ಟಿದೆ. ಮಂಟೇಸ್ವಾಮಿಯ ಪದಕ್ಕೆ ಕೈ ಹಾಕುವ ಮುಂಚೆ ಒಂದು ಶಿವರಾತ್ರಿಗೆ ಕಪ್ಪಡಿಗೆ ಹೋಗಿ, ನೀಲಗಾರರ ಪಕ್ಕದಲ್ಲಿ ರಾತ್ರಿಯಿಡೀ ಕೂತು ಕೇಳಿ. ಹಾಡು ಮುದ್ರಿಸುವ ದಿನ ಅವರನ್ನೂ ಕರೆಯಿರಿ, ಆಲ್ಬಮ್ಮಿನ ಮೇಲೆ ಅವರ ಹೆಸರನ್ನೂ ಹಾಕಿ, ಬಂದ ಹಣದಲ್ಲಿ ಅವರ ಪಾಲು ಅವರಿಗೆ ಕೊಡಿ.