ಪಾಡ್ದನದ ಕಾಲಗತಿ: ಒಂದು ಸ್ವರದ ಅಂತರ

ಮಂತ್ರೋಚ್ಚಾರದಿಂದ ಕಾಲವನ್ನು ಹಿಂದಿರುಗಿಸುವ, ತಡೆದು ನಿಲ್ಲಿಸುವ ಪಾತ್ರಗಳು ಇಂದಿನ ಅದ್ಭುತರಮ್ಯ ಕಾದಂಬರಿಗಳಲ್ಲಿ ಹೇರಳವಾಗಿವೆ. ಅಂತಹ ಮಾಂತ್ರಿಕತೆಗೂ ನಿಯಮ, ಮಿತಿ ಹಾಗೂ ತೆರಬೇಕಾದ ಬೆಲೆ ಇರಬೇಕೆಂಬುದು ಆ ಪ್ರಕಾರದ ವಿಮರ್ಶಕರ ಅಪೇಕ್ಷೆ. ಮಂಜೇಶ್ವರ, ಕುಂಬಳೆ ಸೀಮೆಗಳಿಂದ ಉತ್ತರಕ್ಕೆ ಹಬ್ಬಿರುವ ತುಳುವರ ಭೂತಾರಾಧನೆ ಕಲ್ಪಿತ ಮಂತ್ರವಿದ್ಯೆಯಲ್ಲ. ಅದು ನಂಬಿ ನಡೆದುಕೊಳ್ಳುವವರ ಆಚರಣೆ. ಆದರೂ ಅಲ್ಲಿನ ಪಾಡ್ದನ ಕಾಲದೊಡನೆ ನಡೆಸುವ ವ್ಯವಹಾರಕ್ಕೆ ಅಷ್ಟೇ ಖಚಿತವಾದ ನಿಯಮಗಳಿವೆ. ಅವುಗಳಲ್ಲಿ ಮುಖ್ಯವಾದುದು ಕ್ರಿಯಾಪದದ ತುದಿಯಲ್ಲಿ ಅಡಗಿದೆ.

ತುಳು ಲೋಕದೃಷ್ಟಿಯಲ್ಲಿ ‘ಜೋಗ’ ಮತ್ತು ‘ಮಾಯ’ ಎಂಬ ಎರಡು ನೆಲೆಗಳಿವೆ. ಜೋಗ ಕಣ್ಣಿಗೆ ಕಾಣುವ ಮಾನುಷ ನೆಲೆ. ಮಾಯ ಕಾಣದ ನೆಲೆ. ಕಥಾನಾಯಕರು ಸಾಯುವುದಕ್ಕಿಂತ ಹೆಚ್ಚಾಗಿ ಮಾಯಕ್ಕೆ ಸಲ್ಲುತ್ತಾರೆ. ಆದ್ದರಿಂದ ಅವರ ಕಾಲ ಕಳೆದುಹೋದುದಲ್ಲ, ಮರೆಯಲ್ಲಿರುವುದು. ಕೋಲದಲ್ಲಿ ಎಣ್ಣೆಬೂಳ್ಯ ಪಡೆದ ಪಾತ್ರಿ ಮುಖವರ್ಣಿಕೆಗೆ ಕುಳಿತಾಗ, ಅವನ ಮನೆಯ ಹೆಣ್ಣುಮಕ್ಕಳು ತೆಂಬರೆ ಬಡಿಯುತ್ತ ದೈವದ ಹುಟ್ಟು, ಸಂಚಾರ, ನೆಲೆನಿಂತ ಠಾವುಗಳನ್ನು ಹಾಡುತ್ತಾರೆ. ಆ ಸಂಚಾರದ ಹಾದಿ ಕೊನೆಗೆ ಕೋಲ ನಡೆಯುತ್ತಿರುವ ಅಂಗಳಕ್ಕೇ ಬಂದು ಮುಟ್ಟುತ್ತದೆ. ಗಗ್ಗರ ಕಟ್ಟಿದ ಪಾತ್ರಿ ಆವೇಶಗೊಂಡು ನುಡಿಯತೊಡಗಿದಾಗ, ಅದುವರೆಗೆ ‘ಅವನು’ ಆಗಿದ್ದ ದೈವ ‘ನಾನು’ ಆಗುತ್ತದೆ.

ಪ್ರಥಮ ಪುರುಷದಿಂದ ಉತ್ತಮ ಪುರುಷಕ್ಕೆ ಆಗುವ ಈ ಪಲ್ಲಟವನ್ನು ಪೀಟರ್ ಕ್ಲಾಸ್ ಅವರು ತಮ್ಮ ಅಧ್ಯಯನಗಳಲ್ಲಿ ವಿಶೇಷವಾಗಿ ಗುರುತಿಸಿದ್ದಾರೆ. ಗದ್ದೆಯಲ್ಲಿ ನೇಜಿ ನೆಡುವ ಹೆಂಗಸರು ಹಾಡುವ ಪಾಡ್ದನ ಪ್ರಥಮ ಪುರುಷದಲ್ಲಿಯೇ ಉಳಿಯುತ್ತದೆ. ಅಲ್ಲಿ ಯಾರೂ ಬಂದಿಳಿಯುವುದಿಲ್ಲ. ಕಥೆ ಒಂದೇ, ಪುರುಷವಾಚಕ ಬೇರೆ. ಕಾಲವನ್ನು ಬಾಗಿಸುವುದು ಕಥೆಯೊಂದೇ ಅಲ್ಲ, ಕಥೆಯೊಳಗೆ ಮಾತನಾಡುವವರ ಸ್ಥಾನವೂ ಹೌದು ಎಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಸಿರಿಜಾತ್ರೆಯಲ್ಲಿ ಈ ನಿಯಮ ಇನ್ನಷ್ಟು ದೂರ ಸಾಗುತ್ತದೆ. ಕಥೆಯ ಪ್ರಕಾರ ಸಿರಿ ಮಗಳು ಸೊನ್ನೆಯನ್ನು ಹೆತ್ತೊಡನೆ ಮಾಯವಾಗುತ್ತಾಳೆ. ಮಗ ಕುಮಾರ ಅದಕ್ಕೂ ಮೊದಲೇ, ಎಳವೆಯಲ್ಲಿ, ಮಾಯಕ್ಕೆ ಸಂದಿರುತ್ತಾನೆ. ಸೊನ್ನೆಯ ಅವಳಿ ಹೆಣ್ಣುಮಕ್ಕಳಾದ ಅಬ್ಬಗ-ದಾರಗರು ಅಜ್ಜಿಯನ್ನು ಕಂಡವರಲ್ಲ. ಆದರೆ ಜಾತ್ರೆಯ ರಾತ್ರಿ ಹಿಂಗಾರ ಹಿಡಿದು ಆವೇಶಗೊಂಡ ಹೆಣ್ಣುಮಕ್ಕಳಲ್ಲಿ ಒಬ್ಬಳು ಸಿರಿ, ಒಬ್ಬಳು ಸೊನ್ನೆ, ಮತ್ತೊಬ್ಬಳು ಅಬ್ಬಗ. ಎಳವೆಯಲ್ಲೇ ಮರೆಯಾದ ಕುಮಾರ ಬೆಳೆದ ಗಂಡಸಾಗಿ ನಿಂತು, ಹೊಸದಾಗಿ ಆವೇಶಗೊಂಡವಳನ್ನು ಹಾಡಿನಲ್ಲಿಯೇ ‘ನೀನು ಯಾರು’ ಎಂದು ವಿಚಾರಿಸುತ್ತಾನೆ. ಕಥೆಯಲ್ಲಿ ಎಂದೂ ಸಂಧಿಸದ ಮೂರು ತಲೆಮಾರುಗಳು ಆಚರಣೆಯಲ್ಲಿ ಸಮಕಾಲೀನವಾಗುತ್ತವೆ. 1990ರಲ್ಲಿ ಗೋಪಾಲ ನಾಯ್ಕರಿಂದ ಲೌರಿ ಹಾಂಕೊ ಮತ್ತು ಸಂಗಡಿಗರು ದಾಖಲಿಸಿ 1998ರಲ್ಲಿ ಪ್ರಕಟಿಸಿದ ಸಿರಿಕಾವ್ಯ 15,683 ಸಾಲುಗಳಷ್ಟು ದೀರ್ಘವಾದುದು. ಅಷ್ಟನ್ನೂ ಜಾತ್ರೆಯಲ್ಲಿ ಹಾಡುವುದಿಲ್ಲ. ಅಲ್ಲಿ ಬೇಕಾದುದು ಕಥೆಯ ಅನುಕ್ರಮವಲ್ಲ, ಹೆಸರು ಹೇಳಿ ಉತ್ತರಿಸುವ ದನಿ.

ಈ ಶಕ್ತಿಗೆ ಮಿತಿಗಳೂ ಇವೆ. ನಿಯತವಾದ ಸ್ಥಳ, ರಾತ್ರಿ ಮತ್ತು ಹಕ್ಕುಳ್ಳ ಪಾತ್ರಿಗಳಿಲ್ಲದೆ ಅದು ನಡೆಯದು. ಬಂದ ದೈವ ಮರಳಿ ಮಾಯಕ್ಕೆ ಸಲ್ಲಬೇಕು. ಗತವನ್ನು ತಿದ್ದುವಂತೆಯೂ ಇಲ್ಲ. ಸಿರಿಯ ದುಃಖ ಪ್ರತಿ ವರ್ಷವೂ ಹಾಗೆಯೇ ಉಳಿಯುತ್ತದೆ. ಬದಲಾಗುವುದು ಅದನ್ನು ಕೇಳಲು ಎದುರಿಗಿರುವವರು ಯಾರು ಎಂಬುದು ಮಾತ್ರ.

ಇಷ್ಟು ಮಹತ್ವದ ಪುರುಷಪಲ್ಲಟವನ್ನು ಬರಹ ಹೇಗೆ ಹಿಡಿದಿಟ್ಟಿದೆ? 1886ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯದಿಂದ ಮ್ಯಾನರ್ ಅವರ ‘ಪಾಡ್ದನೊಳು’ ಪ್ರಕಟವಾದಂದಿನಿಂದ ಪಾಡ್ದನಗಳ ಮುದ್ರಿತ ಬಾಳು ಬಹುಮಟ್ಟಿಗೆ ಕನ್ನಡ ಲಿಪಿಯಲ್ಲಿದೆ. ತೊಡಕು ಇರುವುದು ಇಲ್ಲಿಯೇ. ತುಳುವಿನಲ್ಲಿ ‘ನಾನು ಬಂದೆ’ ಎಂಬುದಕ್ಕೂ ‘ಅವನು ಬಂದ’ ಎಂಬುದಕ್ಕೂ ಕ್ರಿಯಾಪದ ‘ಬತ್ತೆ’ ಎಂದೇ ಬರೆಯಲ್ಪಡುತ್ತದೆ. ಉಚ್ಚಾರದಲ್ಲಿ ಅವು ಬೇರೆ: ಉತ್ತಮ ಪುರುಷದ ಅಂತ್ಯಸ್ವರ ಬಾಯಿ ತೆರೆದು ನುಡಿಯುವ ಎಕಾರ, ಪ್ರಥಮ ಪುರುಷದ್ದು ಸಾಮಾನ್ಯ ಎಕಾರ. ಮೊದಲನೆಯದಕ್ಕೆ ಕನ್ನಡ ಲಿಪಿಯಲ್ಲಿ ಪ್ರತ್ಯೇಕ ಚಿಹ್ನೆಯಿಲ್ಲ. ಸ್ತ್ರೀಲಿಂಗದಲ್ಲಿ, ಗೌರವಸೂಚಕ ಬಹುವಚನದಲ್ಲಿ ರೂಪ ಬೇರೆಯಾಗುವುದರಿಂದ ಗೊಂದಲವಿಲ್ಲ. ಆದರೆ ಏಕವಚನದ ಗಂಡುದೈವದ ಪಾಡ್ದನದಲ್ಲಿ ‘ಏನ್’ ಅಥವಾ ‘ಆಯೆ’ ಎಂಬ ಸರ್ವನಾಮ ಲೋಪವಾದ ಸಾಲನ್ನು ಓದುವವನಿಗೆ, ದೈವ ಬಂದುದನ್ನು ಯಾರೋ ಹೇಳುತ್ತಿದ್ದಾರೆಯೇ, ಬಂದ ದೈವವೇ ನುಡಿಯುತ್ತಿದೆಯೇ ಎಂಬುದು ತಿಳಿಯದು. ಕಾಲ ತಿರುಗುವ ಕ್ಷಣದಲ್ಲಿಯೇ ಲಿಪಿ ಮೂಕವಾಗುತ್ತದೆ.

ಅನುವಾದದಲ್ಲಿ ಮಾತ್ರ ಕನ್ನಡಕ್ಕೆ ಅನುಕೂಲವೊಂದಿದೆ. ಚಂದ್ರಗಿರಿಯ ದಕ್ಷಿಣದ ತೆಯ್ಯಂ ತೋಟ್ಟಂಗಳ ಭಾಷೆಯಾದ ಮಲಯಾಳದಲ್ಲಿ ಇಂದಿನ ಕ್ರಿಯಾಪದ ಪುರುಷಭೇದವನ್ನು ತೋರುವುದಿಲ್ಲ. ‘ಞಾನ್’ ಬಂದರೂ ‘ಅವನ್’ ಬಂದರೂ ಕ್ರಿಯಾರೂಪ ಒಂದೇ. ಕನ್ನಡದ ‘ಬಂದ’, ‘ಬಂದೆ’ಗಳು ತುಳುವಿನ ಭೇದವನ್ನು ಸರ್ವನಾಮದ ನೆರವಿಲ್ಲದೆಯೇ ಉಳಿಸಬಲ್ಲವು. ಎರಡೂ ಆರಾಧನೆಗಳನ್ನು ಕೇಳುತ್ತ ಬೆಳೆದ ಕಾಸರಗೋಡಿನ ಕನ್ನಡ ವಿದ್ವಾಂಸರಿಗೆ ಈ ಅಂತರ ಕಿವಿಗೆ ಪರಿಚಿತವಾದುದು. ಆದರೂ ಪಾಡ್ದನವನ್ನು ಪ್ರಥಮ ಪುರುಷದ ಕಥಾಸಾರವಾಗಿ ಗದ್ಯಕ್ಕಿಳಿಸಿದರೆ ಆ ಅನುಕೂಲ ವ್ಯರ್ಥವಾಗುತ್ತದೆ. ಸಂಪಾದಕರು ತೆರೆದ ಎಕಾರಕ್ಕೆ ಒಂದು ಚಿಹ್ನೆಯನ್ನು ಗೊತ್ತುಪಡಿಸಿ, ಪಲ್ಲಟದ ಸಾಲುಗಳನ್ನು ಧ್ವನಿಮುದ್ರಣದೊಡನೆ ತಾಳೆ ನೋಡುವುದು ಅಗತ್ಯ. ಹಾಡುವವರ ದನಿ ಇನ್ನೂ ಕೇಳಸಿಗುವಾಗಲೇ ಈ ಕೆಲಸ ಆಗಬೇಕು. ಅನಂತರ ‘ಬತ್ತೆ’ ಎಂಬಲ್ಲಿ ಬಂದವರು ಯಾರೆಂಬುದನ್ನು ಪುಟ ಹೇಳಲಾರದು.