ಮುಖ ತನ್ನದು, ದನಿ ಪರರದು
ಭಯಾನಕ ಚಿತ್ರಗಳ ತಾರೆ ಬಾರ್ಬರಾ ಸ್ಟೀಲ್

ಪಾಳುಕೋಟೆಯಲ್ಲಿ ಪಿಶಾಚಿಯನ್ನು ಕಂಡು ನಾಯಿಕೆಯು ಚೀರುವುದು, ನಾಯಕನು ಓಡಿ ಬಂದು ಕಾಪಾಡುವುದು, ಇದು ಭಯಾನಕ ಚಲಚ್ಚಿತ್ರಗಳ ಹಳೆಯ ರೂಢಿ. ಅಂಜುವವಳ ಪಾತ್ರವನ್ನೂ ಅಂಜಿಸುವವಳ ಪಾತ್ರವನ್ನೂ ತಾವೊಬ್ಬರೇ ವಹಿಸಿ ಯುರೋಪಿನ ಪ್ರೇಕ್ಷಕರನ್ನು ಬೆರಗುಗೊಳಿಸಿದ ನಟಿ ಬಾರ್ಬರಾ ಸ್ಟೀಲ್.

ಈಕೆ 1937ರಲ್ಲಿ ಇಂಗ್ಲೆಂಡಿನ ಬರ್ಕನ್‌ಹೆಡ್ ಪಟ್ಟಣದಲ್ಲಿ ಜನಿಸಿದರು. ಬ್ರಿಟನ್ನಿನ ರ‍್ಯಾಂಕ್ ಸಂಸ್ಥೆಯಲ್ಲಿ ಕೆಲವು ಸಣ್ಣ ಪಾತ್ರಗಳನ್ನು ವಹಿಸಿದ ತರುವಾಯ ಹಾಲಿವುಡ್ಡಿಗೆ ತೆರಳಿದರು. ಅಲ್ಲಿ ಎಲ್ವಿಸ್ ಪ್ರೆಸ್ಲಿಯವರ ‘ಫ್ಲೇಮಿಂಗ್ ಸ್ಟಾರ್’ ಚಿತ್ರದಲ್ಲಿ ದೊರೆತಿದ್ದ ಪಾತ್ರವೂ ಕೈತಪ್ಪಿತು. ಆಕೆಯ ಅನ್ನದ ಋಣವಿದ್ದುದು ಇಟಲಿಯಲ್ಲಿ.

1960ರಲ್ಲಿ ಮಾರಿಯೋ ಬಾವಾ ಅವರು ನಿರ್ದೇಶಿಸಿದ ಇಟಾಲಿಯನ್ ಚಿತ್ರವು ‘ಬ್ಲ್ಯಾಕ್ ಸಂಡೇ’ ಎಂಬ ಇಂಗ್ಲಿಷ್ ಹೆಸರಿನಿಂದ ಲೋಕಪ್ರಸಿದ್ಧವಾಯಿತು. ಮೊಳೆಗಳುಳ್ಳ ಮುಖವಾಡವನ್ನು ಮುಖಕ್ಕೆ ಬಡಿದು ಕೊಲ್ಲಲ್ಪಟ್ಟ ಮಾಟಗಾತಿಯೊಬ್ಬಳು ಎರಡು ಶತಮಾನಗಳ ಮೇಲೆ ಎದ್ದು ಬಂದು ಹಗೆ ತೀರಿಸಿಕೊಳ್ಳುವ ಕಥೆಯದು. ಮಾಟಗಾತಿಯೂ ಸ್ಟೀಲ್, ಅವಳಿಗೆ ಬಲಿಯಾಗಬೇಕಾದ ಅದೇ ವಂಶದ ಕನ್ಯೆಯೂ ಸ್ಟೀಲ್! ಬ್ರಿಟನ್ನಿನ ಸೆನ್ಸಾರಿನವರು ಈ ಕಪ್ಪು-ಬಿಳುಪು ಚಿತ್ರವನ್ನು 1968ರವರೆಗೆ ತಮ್ಮ ದೇಶದ ತೆರೆಯ ಮೇಲೆ ಬರಗೊಡಲಿಲ್ಲ.

ಆದರೆ ಒಂದು ವಿಪರ್ಯಾಸವುಂಟು. ಈ ಚಿತ್ರದ ಇಂಗ್ಲಿಷ್ ಪ್ರತಿಯಲ್ಲಿ ಕೇಳುವ ದನಿ ಆಕೆಯದಲ್ಲ. 1961ರಲ್ಲಿ ಅಮೆರಿಕದ ರೋಜರ್ ಕೋರ್ಮನ್ ತೆಗೆದ ‘ಪಿಟ್ ಅಂಡ್ ದಿ ಪೆಂಡುಲಮ್’ ಚಿತ್ರದಲ್ಲಿಯೂ ಬೇರೊಬ್ಬರ ದನಿಯನ್ನೇ ಸೇರಿಸಿದರು. ಇಂಗ್ಲಿಷೇ ಮಾತೃಭಾಷೆಯಾದವರಿಗೆ ಇಂಗ್ಲಿಷ್ ಮಾತಿಗೇ ಪರರ ದನಿ! ತಮ್ಮ ಮಾತು ನಡೆಯದ ಊರಿನಲ್ಲಿ ಕೈಗಳ ದುಡಿಮೆಯಿಂದಲೇ ಹೆಸರು ಗಳಿಸಬೇಕಾದ ನಮ್ಮ ವಾಚಕರಿಗೆ ಇದರ ಸಂಕಟವನ್ನು ವಿವರಿಸಬೇಕಾಗಿಲ್ಲ. ಸ್ಟೀಲ್ ಆದರೋ ತಮ್ಮ ವಿಶಾಲ ನೇತ್ರಗಳಿಂದಲೇ ಮಾತನಾಡಿದರು.

ಕೀರ್ತಿಯೇ ಬಳಿಕ ಸಂಕೋಲೆಯಾಯಿತು. ‘ಕಾಸಲ್ ಆಫ್ ಬ್ಲಡ್’ (1964), ‘ನೈಟ್‌ಮೇರ್ ಕಾಸಲ್’ (1965) ಮೊದಲಾದ ಚಿತ್ರಗಳಲ್ಲಿ ಮತ್ತೆ ಮತ್ತೆ ಅದೇ ಕೋಟೆ, ಅದೇ ಗೋರಿ. ನಡುವೆ 1963ರಲ್ಲಿ ಫೆಲಿನಿಯವರ ‘ಎಂಟೂವರೆ’ ಚಿತ್ರದಲ್ಲಿ ಚಿಕ್ಕದಾದರೂ ಭಿನ್ನವಾದ ಪಾತ್ರ ದೊರೆಯಿತು. ಆದರೂ ಜನರು ಆಕೆಯನ್ನು ಗುರುತಿಸುತ್ತಿದ್ದುದು ಮಾಟಗಾತಿಯೆಂದೇ.

ಆಕೆ ಅಷ್ಟಕ್ಕೇ ನಿಲ್ಲಲಿಲ್ಲ. ಮುಂದೆ ಅಮೆರಿಕದ ಟೆಲಿವಿಷನ್ನಿನಲ್ಲಿ ನಿರ್ಮಾಣದ ಕೆಲಸಕ್ಕಿಳಿದರು. ಎರಡನೆಯ ಮಹಾಯುದ್ಧವನ್ನು ಕುರಿತ ‘ವಾರ್ ಅಂಡ್ ರಿಮೆಂಬ್ರೆನ್ಸ್’ ಧಾರಾವಾಹಿಯ ನಿರ್ಮಾಪಕರಲ್ಲೊಬ್ಬರಾಗಿ 1989ರಲ್ಲಿ ಎಮ್ಮಿ ಪ್ರಶಸ್ತಿಯನ್ನು ಪಡೆದರು.

ಲೋಕವು ಒಬ್ಬನಿಗೆ ಒಂದು ಕೆಲಸದ ಹಣೆಪಟ್ಟಿಯನ್ನು ಕಟ್ಟಿದರೆ ಅದನ್ನು ಬಿಚ್ಚುವುದು ಸುಲಭವಲ್ಲ. ಆ ಕೆಲಸವನ್ನು ಕೀಳೆನ್ನದೆ ಚೆನ್ನಾಗಿ ಮಾಡಿ, ಅದರಾಚೆಗೂ ಕೈಚಾಚಿದವರ ಬಾಳು ದುಡಿಯುವವರೆಲ್ಲರೂ ಅರಿಯತಕ್ಕದ್ದು.